ವಿಜಯ್ ಭಾರದ್ವಾಜ್

ರಾಘವೇಂದ್ರರಾವ್ ವಿಜಯ್ ಭಾರದ್ವಾಜ್ (ಜನನ: ಆಗಸ್ಟ್ 15, 1975, ಬೆಂಗಳೂರು) ಭಾರತ ಮತ್ತು ಕರ್ನಾಟಕ ತಂಡಗಳ ಮಾಜಿ ಕ್ರಿಕೆಟ್ ಆಟಗಾರರು. ಬಲಗೈ ಬ್ಯಾಟಿಂಗ್ ಹಾಗೂ ಆಫ್ ಸ್ಪಿನ್ ಬೌಲಿಂಗ್ ಮಾಡುತ್ತಿದ್ದ ಇವರು ಆಟದಿಂದ ನಿವೃತ್ತರಾದ ನಂತರ ದೂರದರ್ಶನ ವಾಹಿನಿಗಳಲ್ಲಿ ಕನ್ನಡ ವೀಕ್ಷಕ ವಿವರಣೆಗಾರರಾಗಿ ಪರಿಚಿತರಾದರು.

ಕ್ರೀಡಾ ಜೀವನ

1998-99ರ ರಣಜಿ ಟ್ರೋಫಿ ಋತುವಿನಲ್ಲಿ ಭಾರದ್ವಾಜ್ 1,280 ರನ್ ಗಳಿಸಿದರು. ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ನಡೆದ ಆ ವರ್ಷದ ಅಂತಿಮ ಪಂದ್ಯದಲ್ಲಿ ಮಧ್ಯಪ್ರದೇಶವು ಮೊದಲ ಇನ್ನಿಂಗ್ಸ್ ಮುನ್ನಡೆ ಪಡೆದಿತ್ತು; ಪಂದ್ಯ ಡ್ರಾ ಆಗಿದ್ದರೂ ಪ್ರಶಸ್ತಿ ಅದರದಾಗುತ್ತಿತ್ತು. ಕೊನೆಯ ದಿನ ಭಾರದ್ವಾಜ್ 24 ರನ್‌ಗಳಿಗೆ 6 ವಿಕೆಟ್ ಕಿತ್ತು ಎದುರಾಳಿಯನ್ನು ಕುಸಿಯುವಂತೆ ಮಾಡಿದರು. ಕರ್ನಾಟಕ 96 ರನ್‌ಗಳಿಂದ ಗೆದ್ದಿತು. ಬ್ಯಾಟಿನಿಂದ ಹೆಸರು ಮಾಡಿದ ಋತುವಿನ ನಿರ್ಣಾಯಕ ದಿನ ಅವರು ನೆರವಾದದ್ದು ಚೆಂಡಿನಿಂದ ಎಂಬುದು ಗಮನಾರ್ಹ.

ಅದೇ ವರ್ಷ ನೈರೋಬಿಯ ಎಲ್‌ಜಿ ಕಪ್‌ನಲ್ಲಿ ಏಕದಿನ ಪಂದ್ಯಗಳಿಗೆ ಪದಾರ್ಪಣೆ ಮಾಡಿ, 10 ವಿಕೆಟ್ ಮತ್ತು 89 ರನ್‌ಗಳೊಂದಿಗೆ ಸರಣಿಶ್ರೇಷ್ಠ ಪ್ರಶಸ್ತಿ ಪಡೆದರು. ಈ ಭರವಸೆ ಉಳಿಯಲಿಲ್ಲ. ಬೆನ್ನು ನೋವು ಹಾಗೂ ಕಣ್ಣಿನ ತೊಂದರೆ ಅವರ ಆಟಕ್ಕೆ ಅಡ್ಡಿಯಾದವು. ಅಂತರರಾಷ್ಟ್ರೀಯ ಜೀವನವು 3 ಟೆಸ್ಟ್ ಮತ್ತು 10 ಏಕದಿನ ಪಂದ್ಯಗಳಿಗೆ ಮುಗಿಯಿತು.

ವೀಕ್ಷಕ ವಿವರಣೆ

2018ರಲ್ಲಿ ಸ್ಟಾರ್ ಸಂಸ್ಥೆಯು ಇಂಡಿಯನ್ ಪ್ರೀಮಿಯರ್ ಲೀಗ್ ಪಂದ್ಯಗಳನ್ನು ಕನ್ನಡದಲ್ಲೂ ಪ್ರಸಾರ ಮಾಡಿತು. ಆ ವರ್ಷದ ಕೊನೆಯಲ್ಲಿ ಸ್ಟಾರ್ ಸ್ಪೋರ್ಟ್ಸ್ 1 ಕನ್ನಡ ವಾಹಿನಿ ಆರಂಭವಾಯಿತು. ಇದರಿಂದ ಕನ್ನಡ ಬಲ್ಲ ಮಾಜಿ ಆಟಗಾರರಿಗೆ ಹೊಸ ಉದ್ಯೋಗವೊಂದು ತೆರೆದುಕೊಂಡಿತು. ಭಾರದ್ವಾಜ್ ಈ ಬಳಗದ ಪ್ರಮುಖರಲ್ಲೊಬ್ಬರು.

ಪ್ರಾದೇಶಿಕ ಭಾಷೆಗಳ ವಿವರಣೆಗಾರರು ಸಾಮಾನ್ಯವಾಗಿ ಮೈದಾನದಲ್ಲಿರುವುದಿಲ್ಲ. ಸ್ಟುಡಿಯೊದಲ್ಲಿ ಕುಳಿತು ಪರದೆ ನೋಡಿ ಮಾತನಾಡುತ್ತಾರೆ. ಎಲ್ಲ ಭಾಷೆಗಳಿಗೂ ಬರುವ ದೃಶ್ಯ ಒಂದೇ. ಕ್ಯಾಮೆರಾ ತೋರಿಸದ ಕ್ಷೇತ್ರರಕ್ಷಕನ ಜಾಗವನ್ನು ವಿವರಣೆಗಾರ ಊಹಿಸಿಯೇ ಹೇಳಬೇಕು. ಅದೇ ಹೊತ್ತಿಗೆ ಕಿವಿಯಲ್ಲಿ ನಿರ್ಮಾಪಕರ ಸೂಚನೆಗಳೂ ಕೇಳುತ್ತಿರುತ್ತವೆ. ಆಡಿದ ಅನುಭವ ಹೆಚ್ಚು ಉಪಯೋಗಕ್ಕೆ ಬರುವುದು ಇಲ್ಲಿಯೇ.

ಭಾಷೆಯ ಪ್ರಶ್ನೆಯೂ ಇದೆ. ಪತ್ರಿಕೆಗಳು ರೂಢಿಸಿದ ದಾಂಡಿಗ, ಎಸೆತ, ಹುದ್ದರಿ ಮುಂತಾದ ಪದಗಳಲ್ಲಿ ಎಸೆತ ನೇರಪ್ರಸಾರದಲ್ಲೂ ಸಹಜವಾಗಿ ಬಳಕೆಯಾಗುತ್ತದೆ. ಹುದ್ದರಿಯ ಬದಲು ವಿಕೆಟ್ ಎಂಬ ಪದವೇ ಹೆಚ್ಚು ಕೇಳಿಬರುತ್ತದೆ.