ಮಂಗಳದ ಚಳಿಗಾಲದ ಬೆಳಕು

ಮಂಗಳ ಗ್ರಹದ ಧ್ರುವಕ್ಕೆ ಚಳಿಗಾಲ ಬಂತೆಂದರೆ ತಿಂಗಳುಗಟ್ಟಲೆ ಸೂರ್ಯನ ಸುಳಿವಿರುವುದಿಲ್ಲ. ಆ ಕತ್ತಲಲ್ಲಿ, ನೆಲದಿಂದ 40–60 ಕಿಲೋಮೀಟರ್ ಮೇಲೆ, ಗಾಳಿ ತಾನಾಗಿಯೇ ಹೊಳೆಯತೊಡಗುತ್ತದೆ. ಅಲ್ಲಿ ನಿಂತು ಇದನ್ನು ಕಂಡವರು ಯಾರೂ ಇಲ್ಲ. ಮುಂದೆ ಯಾರಾದರೂ ಹೋದರೆ ಬರಿಗಣ್ಣಿಗೇ ಕಂಡೀತು, ಬೆಳದಿಂಗಳು ಬಿದ್ದ ನಮ್ಮ ಮೋಡಗಳಷ್ಟು ಬೆಳಗೀತು ಎಂದು ಬೆಲ್ಜಿಯಂನ ಲೀಜ್ ವಿಶ್ವವಿದ್ಯಾಲಯದ ಸಂಶೋಧಕರು 2023ರಲ್ಲಿ ಅಂದಾಜು ಮಾಡಿದರು. ‘ಅವತಾರ್’ ಸಿನಿಮಾದ ಕಾಲ್ಪನಿಕ ಪಂಡೋರಾದಲ್ಲಿ ಹೊಳೆಯುವುದು ಗಿಡಮರ. ಇಲ್ಲಿ ಬರೀ ಆಮ್ಲಜನಕ. ನನಗಂತೂ ಆಮ್ಲಜನಕದ್ದೇ ಹೆಚ್ಚು ಸೋಜಿಗ. ಅದರ ಬೆಳಕನ್ನು ಹಿಡಿದು ಹೋದರೆ ಕಣ್ಣಿಗೆ ಬೀಳದ ಗಾಳಿಯೊಂದರ ಜಾಡು ಸಿಗುತ್ತದೆ.

ಬೇರೆ ಗ್ರಹಗಳ ಇರುಳು ಬೆಳಗುತ್ತದೆಂಬ ಮಾತು ಹಳೆಯದು. ಶುಕ್ರನ ಕತ್ತಲ ಭಾಗದಲ್ಲಿ ಮಸುಕು ಬೆಳಕು ಕಂಡೆನೆಂದು ಇಟಲಿಯ ಖಗೋಳಜ್ಞ ರಿಚಿಯೋಲಿ 1643ರಲ್ಲೇ ಬರೆದಿಟ್ಟ. ಆಮೇಲೆ ಹಲವರು ತಾವೂ ಕಂಡೆವೆಂದರು, ಆದರೆ ಅದು ಇವತ್ತಿಗೂ ಖಚಿತವಾಗಿಲ್ಲ. ಗಟ್ಟಿ ನೆಲೆ ಸಿಕ್ಕಿದ್ದು ನಮ್ಮದೇ ಆಕಾಶದಲ್ಲಿ. 1868ರಲ್ಲಿ ಸ್ವೀಡನ್ನಿನ ಭೌತವಿಜ್ಞಾನಿ ಆಂಗ್‌ಸ್ಟ್ರಾಮ್ ಇರುಳಿನ ಬೆಳಕಿನ ರೋಹಿತದಲ್ಲಿ ಒಂದು ಹಸಿರು ಗೆರೆ ಗುರುತಿಸಿದ. ಯಾವ ಧಾತುವಿನದು ಅದು? ಉತ್ತರಕ್ಕೆ ಅರ್ಧ ಶತಮಾನಕ್ಕೂ ಹೆಚ್ಚು ಕಾಯಬೇಕಾಯಿತು. 1925ರಲ್ಲಿ ಟೊರಾಂಟೊದಲ್ಲಿ ಮ್ಯಾಕ್‌ಲೆನನ್ ಮತ್ತು ಶ್ರಮ್ ಪ್ರಯೋಗಾಲಯದಲ್ಲೇ ಆ ಗೆರೆಯನ್ನು ಹುಟ್ಟಿಸಿ, ಅದು ಆಮ್ಲಜನಕದ ಪರಮಾಣುವಿನದೆಂದು ತೋರಿಸಿದರು.

ಬೇರೆ ಗ್ರಹಗಳ ಪೈಕಿ ಮೊದಲು ಒಲಿದದ್ದು ಶುಕ್ರ. 1975ರಲ್ಲಿ ಸೋವಿಯತ್ ಒಕ್ಕೂಟದ ವೆನೆರಾ 9 ಮತ್ತು 10 ನೌಕೆಗಳು ಅದರ ಇರುಳಿನ ಬದಿಯಲ್ಲಿ ಕಣ್ಣಿಗೆ ಕಾಣುವ ಬಣ್ಣಗಳಲ್ಲೇ ಹೊಳಪನ್ನು ಅಳೆದವು. ಎರಡು ವರ್ಷದೊಳಗೆ ಅದು ಆಮ್ಲಜನಕದ ಅಣುಗಳ ಬೆಳಕೆಂದು ಗೊತ್ತಾಯಿತು. ಮಂಗಳದ ಗಾಳಿಯೂ ಹೆಚ್ಚುಕಡಿಮೆ ಶುಕ್ರನದೇ ಜಾತಿ, ಎರಡೂ ಕಡೆ ಇಂಗಾಲದ ಡೈಆಕ್ಸೈಡ್ ಶೇ 95ರ ಆಸುಪಾಸಿನಲ್ಲೋ ಅದಕ್ಕಿಂತ ತುಸು ಮೇಲೋ ಇದೆ. ಹಾಗಿದ್ದೂ ಅಂಥದೇ ಬೆಳಕು ಮಂಗಳದಲ್ಲಿ ಸಿಗಲು 2023ರವರೆಗೆ ಕಾಯಬೇಕಾಯಿತು.

ಎರಡು ಗ್ರಹಗಳ ನಡುವೆ ದೊಡ್ಡ ವ್ಯತ್ಯಾಸವೊಂದಿದೆ. ಶುಕ್ರನ ಅಕ್ಷ ಓರೆಯಾಗಿರುವುದು ಅತ್ಯಲ್ಪ, ಹಾಗಾಗಿ ಅಲ್ಲಿ ಋತುಗಳೇ ಇಲ್ಲವೆನ್ನಬಹುದು. ಮಂಗಳದ ಓರೆ ಸುಮಾರು 25 ಡಿಗ್ರಿ, ವರ್ಷ ನಮ್ಮ 687 ದಿನಗಳದು. ಋತುಗಳೂ ಅಷ್ಟೇ ದೀರ್ಘ. ಬೇಸಿಗೆಯಿರುವ ಅರ್ಧಗೋಳದಲ್ಲಿ ಸೂರ್ಯನ ನೇರಳಾತೀತ ಕಿರಣಗಳು ಇಂಗಾಲದ ಡೈಆಕ್ಸೈಡನ್ನು ಒಡೆದು ಆಮ್ಲಜನಕದ ಬಿಡಿ ಪರಮಾಣುಗಳನ್ನು ಉಳಿಸುತ್ತವೆ. ಮೇಲ್ಪದರದ ಗಾಳಿ ಅವನ್ನು ಹೊತ್ತು ಸಮಭಾಜಕ ದಾಟಿ ಚಳಿಗಾಲದ ಧ್ರುವದತ್ತ ಸಾಗುತ್ತದೆ. ಅಲ್ಲಿ ಗಾಳಿ ಕೆಳಗಿಳಿಯುತ್ತದೆ, ಇಳಿದಂತೆ ದಟ್ಟವಾಗುತ್ತದೆ, ಒಂಟಿ ಪರಮಾಣುಗಳಿಗೆ ಜೊತೆ ಸಿಗುತ್ತದೆ. ಎರಡು ಕೂಡಿ ಅಣುವಾದಾಗ ಮಿಕ್ಕ ಶಕ್ತಿಯಲ್ಲಿ ಒಂದು ಪಾಲು ಬೆಳಕಾಗಿ ಹೊರಬೀಳುತ್ತದೆ. ಬೇಸಿಗೆಯ ಬಿಸಿಲು ಒಡೆದದ್ದು ಚಳಿಗಾಲದ ಕತ್ತಲಲ್ಲಿ ಕೂಡಿಕೊಳ್ಳುತ್ತದೆ, ನಡುವೆ ಸಾವಿರಾರು ಕಿಲೋಮೀಟರ್ ಪಯಣ. ಆಮ್ಲಜನಕಕ್ಕೆ ಸಾರಜನಕ ಜೊತೆಯಾದರೆ ಇನ್ನೂ ಮೇಲೆ, ಸುಮಾರು 70 ಕಿಲೋಮೀಟರ್ ಎತ್ತರದಲ್ಲಿ, ನೇರಳಾತೀತ ಹೊಳಪು.

ಈ ನೇರಳಾತೀತವೇ ಮೊದಲು ಕೈಗೆ ಸಿಕ್ಕಿತು. ಯುರೋಪಿನ ಮಾರ್ಸ್ ಎಕ್ಸ್‌ಪ್ರೆಸ್ ನೌಕೆಯ ಸ್ಪಿಕಾಮ್ ಉಪಕರಣ ಅದನ್ನು ಕಂಡ ಸುದ್ದಿ 2005ರಲ್ಲಿ ಪ್ರಕಟವಾಯಿತು. 2012ರಲ್ಲಿ ಅದೇ ನೌಕೆಯ ಇನ್ನೊಂದು ಉಪಕರಣದಿಂದ ಅವಕೆಂಪು ಹೊಳಪಿನ ವರದಿ ಬಂತು. 2014ರಲ್ಲಿ ಕಕ್ಷೆ ಸೇರಿದ ನಾಸಾದ ಮೇವೆನ್ ಬಿಡಿ ಅಳತೆಗಳಿಗೆ ನಿಲ್ಲದೆ ಇರುಳಿನ ಇಡೀ ಗೋಳದ ಚಿತ್ರವನ್ನೇ ತೆಗೆಯಿತು. 2020ರಲ್ಲಿ ಹೊರಬಂದ ಅದರ ಫಲಿತಾಂಶ ಈ ಇಡೀ ಕತೆಯಲ್ಲಿ ನನಗೆ ಅತಿ ಪ್ರಿಯ. ಚಳಿಗಾಲದ ಧ್ರುವಗಳ ಮೇಲೆ ಬೆಳಕು ಸುರುಳಿ ಸುತ್ತಿಕೊಂಡಿತ್ತು. ವಸಂತ ಮತ್ತು ಶರತ್ಕಾಲಗಳಲ್ಲಿ ಮಾತ್ರ, ಒಂದೊಂದು ರಾತ್ರಿಗೆ ಸರಿಯಾಗಿ ಮೂರು ಸಲ, ಹೊಳಪು ಏರಿ ಇಳಿಯುತ್ತಿತ್ತು. ಗ್ರಹವನ್ನೇ ಬಳಸಿ ನಿಂತ ಗಾಳಿಯ ಅಲೆಗಳ ಕೆಲಸ ಅದು.

ಕಣ್ಣಿಗೆ ಕಾಣುವ ಬೆಳಕು ಹೀಗೆ ಕೊನೆಗೆ ಉಳಿದದ್ದು ತಮಾಷೆಯೇ. ಮಂಗಳವನ್ನು ಸುತ್ತುವ ಟ್ರೇಸ್ ಗ್ಯಾಸ್ ಆರ್ಬಿಟರ್ ನೌಕೆಯ ನೊಮಾಡ್ ಉಪಕರಣ ಸಾಮಾನ್ಯವಾಗಿ ನೇರ ಕೆಳಗೆ, ನೆಲದತ್ತ ನೋಡುವಂಥದು. ಹಾಗೆ ನೋಡಿದರೆ ತೆಳು ಹೊಳಪು ಸಿಗುವುದು ಕಷ್ಟ. ಲೀಜ್‌ನ ಜೆರಾರ್ ಮತ್ತು ಸಂಗಡಿಗರು ನೌಕೆಯನ್ನು ಓರೆ ಮಾಡಿಸಿ ಗ್ರಹದ ಅಂಚಿನತ್ತ ತಿರುಗಿಸಿದರು. ಅಂಚಿನಲ್ಲಿ ದೃಷ್ಟಿ ವಾಯುಪದರದ ಉದ್ದಕ್ಕೂ ಹಾಯುವುದರಿಂದ ತೆಳು ಬೆಳಕೂ ಒಟ್ಟುಗೂಡಿ ಕಾಣುತ್ತದೆ. 2020ರಲ್ಲಿ ಹಗಲಿನ ಹಸಿರು ಗೆರೆ ಪ್ರಕಟವಾಯಿತು, 2023ರಲ್ಲಿ ಇರುಳಿನ ಹೊಳಪು.

ಈ ಹೊಳಪು ಧ್ರುವಪ್ರಭೆಯಲ್ಲ. ಧ್ರುವಪ್ರಭೆಯ ಕತೆ ಬೇರೆ, ಅದಕ್ಕೆ ಸೂರ್ಯ ಎರಚುವ ಕಣಗಳು ಬೇಕು. ಪರ್ಸಿವಿಯರೆನ್ಸ್ ರೋವರ್ 2024ರ ಮಾರ್ಚ್ 18ರಂದು ಮಂಗಳದ ನೆಲದಿಂದಲೇ ಹಸಿರು ಧ್ರುವಪ್ರಭೆಯನ್ನು ಸೆರೆಹಿಡಿದಾಗ ಪತ್ರಿಕೆಗಳು ಎರಡನ್ನೂ ಕಲಸಿಬಿಡುವ ಅಪಾಯವಿತ್ತು. ಧ್ರುವಪ್ರಭೆ ಸೂರ್ಯನ ಸಿಡಿತವನ್ನು ನಂಬಿಕೊಂಡ ಅತಿಥಿ. ಚಳಿಗಾಲದ ಹೊಳಪಾದರೋ ಋತು ಬಂದಾಗಲೆಲ್ಲ ಬರುವಂಥದು.

ಈ ಹೊಳಪಿನ ಅಳತೆಗೆ ಬೆಲೆ ಇರುವುದೂ ಅಲ್ಲೇ. 40ರಿಂದ 80 ಕಿಲೋಮೀಟರ್‌ವರೆಗಿನ ಪದರದಲ್ಲಿ ಉಪಕರಣವಿಟ್ಟು ಅಳೆಯುವುದು ಬಲು ಕಷ್ಟ: ಕಕ್ಷೆಯ ನೌಕೆಗೆ ಅದು ತೀರ ಕೆಳಗೆ, ರೋವರ್‌ಗೆ ತೀರ ಮೇಲೆ. ಇಳಿಯುವ ನೌಕೆ ಆ ಪದರವನ್ನು ಕ್ಷಣಗಳಲ್ಲಿ ಸೀಳಿ ಹೋಗುತ್ತದೆ. ಅಲ್ಲಿ ಗಾಳಿ ಎಷ್ಟು ದಟ್ಟ, ಯಾವ ಋತುವಿನಲ್ಲಿ ಎಷ್ಟು ಏರುಪೇರು ಎನ್ನುವುದನ್ನು ಈಗ ದೂರದಿಂದಲೇ ಹೊಳಪು ನೋಡಿ ಲೆಕ್ಕ ಹಾಕಬಹುದು. ಶಾಖ ಕವಚ, ಪ್ಯಾರಾಚೂಟ್‌ಗಳ ವಿನ್ಯಾಸಕಾರರು ಕೇಳುವುದೂ ಆ ಅಂಕಿಗಳನ್ನೇ.