ಆಟದ ಗಂಟು ಕಿರಿದಾದ ಬಗೆ

ಟಿ.ವಿ.ಗೆ ಜೋಡಿಸಿ ಆಡುತ್ತಿದ್ದ ಹಳೆಯ ವಿಡಿಯೋ ಗೇಮುಗಳನ್ನು ಕಂಪ್ಯೂಟರಿನಲ್ಲಿ ಕೂಡಿಡುವವರ ದೊಡ್ಡ ತಾಪತ್ರಯ ಜಾಗದ್ದು. ವಿಚಿತ್ರವೆಂದರೆ ಈ ಆಟಗಳು ಬೆಳೆದದ್ದೇ ಇಕ್ಕಟ್ಟಿನಲ್ಲಿ. ಜಪಾನಿನ ನಿಂಟೆಂಡೊ ಕಂಪನಿ 1985ರಲ್ಲಿ ಹೊರತಂದ ‘ಸೂಪರ್ ಮಾರಿಯೋ ಬ್ರದರ್ಸ್’ ಇಡಿಯಾಗಿ 40 ಕಿಲೋಬೈಟಿನದು. ಮೆಮೊರಿ ಚಿಪ್ಪು ದುಬಾರಿಯಾಗಿದ್ದ ಕಾಲ. ಆಕಾಶದ ಮೋಡಕ್ಕೆಂದು ಬರೆದ ಚಿತ್ರಕ್ಕೇ ಹಸಿರು ಬಣ್ಣ ಕೊಟ್ಟು ನೆಲದ ಮೇಲೆ ಪೊದೆಯಾಗಿಸಿದರು. ಒಂದೇ ಖೋಲಿಯನ್ನು ಹಗಲು ಬೈಠಕ್ಕಿಗೂ ರಾತ್ರಿ ಮಲಗುವುದಕ್ಕೂ ಒಗ್ಗಿಸಿಕೊಂಡು ಬಾಳಿದ ಮುಂಬಯಿಯ ನಮ್ಮವರಿಗೆ ಈ ಯುಕ್ತಿಯನ್ನು ಬಿಡಿಸಿ ಹೇಳಬೇಕಾಗಿಲ್ಲ.

1994ರಲ್ಲಿ ಸೋನಿಯ ಪ್ಲೇಸ್ಟೇಷನ್ ಸಿ.ಡಿ.ಯೊಡನೆ ಬಂದಾಗ ಸುಮಾರು 650 ಮೆಗಾಬೈಟಿನ ಬಯಲೇ ದೊರೆಯಿತು. ಸಂಗ್ರಾಹಕರ ಕಷ್ಟ ಹೆಚ್ಚಿದ್ದು ಇಲ್ಲಿಂದ. ಅವರ ನೆರವಿಗೆ ಒದಗಿದ್ದು ಇಸ್ರೇಲಿನ ಅಬ್ರಹಾಂ ಲೆಂಪೆಲ್ ಮತ್ತು ಜೇಕಬ್ ಜಿವ್ ಎಂಬ ವಿದ್ವಾಂಸರು 1977ರಲ್ಲೇ ಪ್ರಕಟಿಸಿದ್ದ ಉಪಾಯ: ಒಮ್ಮೆ ಬಂದ ಸಾಲೇ ಮತ್ತೆ ಬಂದರೆ ಅದನ್ನು ಪುನಃ ಬರೆಯದೆ, ‘ಇಷ್ಟು ಹಿಂದೆ ಹೋಗಿ ಇಷ್ಟು ಅಕ್ಷರ ತೆಗೆದುಕೋ’ ಎಂದಷ್ಟೇ ಸೂಚಿಸುವುದು. ಭಜನೆಯ ಪುಸ್ತಕಗಳಲ್ಲಿ ಪಲ್ಲವಿಯನ್ನು ಪ್ರತಿ ಚರಣಕ್ಕೂ ಅಚ್ಚುಹಾಕದೆ ‘ಪ’ ಎಂದು ಬಿಡುತ್ತಾರಲ್ಲ, ಹಾಗೆ. ಇದಲ್ಲದೆ ಸಿ.ಡಿ.ಯ ಪ್ರತಿ 2352 ಬೈಟುಗಳಲ್ಲಿ ಆಟದ ಮಾಹಿತಿ ಸಾಮಾನ್ಯವಾಗಿ 2048 ಮಾತ್ರ. ಮಿಕ್ಕದ್ದರಲ್ಲಿ ಬಹುಭಾಗ, ಗೀರು ಬಿದ್ದಾಗ ತಪ್ಪು ತಿದ್ದಲೆಂದು ಇಟ್ಟ ಲೆಕ್ಕ. ಬೇಕಾದಾಗ ಮತ್ತೆ ಹಾಕಬಹುದಾದ ಲೆಕ್ಕವಾದ್ದರಿಂದ ಅದನ್ನು ಬಿಟ್ಟೇ ಗಂಟು ಕಟ್ಟಬಹುದು.

ನಿಜವಾದ ಪರೀಕ್ಷೆ ಒದಗಿದ್ದು ನಿಂಟೆಂಡೊ 2001ರಲ್ಲಿ ತಂದ ಗೇಮ್‌ಕ್ಯೂಬಿನಿಂದ. ಅದರ ಪುಟ್ಟ ಡಿಸ್ಕಿನಲ್ಲಿ ಸುಮಾರು 146 ಕೋಟಿ ಬೈಟು. ಆಟ ಚಿಕ್ಕದಾದರೆ ಉಳಿದ ಜಾಗದಲ್ಲಿ ಅರ್ಥವಿಲ್ಲದ ಅಂಕಿಗಳನ್ನು ತುಂಬಿರುತ್ತಿದ್ದರು. ಮರುಕಳಿಕೆಯಿಲ್ಲದ ಈ ಹೊಟ್ಟಿನ ಮುಂದೆ ಲೆಂಪೆಲ್-ಜಿವ್ ಉಪಾಯ ನಡೆಯದು. ಕೆಲವರು ಹೊಟ್ಟನ್ನೆಲ್ಲ ಅಳಿಸಿ ಸೊನ್ನೆ ತುಂಬಿದರು. ಆಟವೇನೋ ನಡೆಯಿತು, ಆದರೆ ಮೂಲದೊಡನೆ ತಾಳೆ ನೋಡಿದರೆ ಪ್ರತಿ ಹೊಂದುತ್ತಿರಲಿಲ್ಲ. ಓಲೆಗರಿಯ ಗ್ರಂಥವನ್ನು ನಕಲು ಮಾಡುವಾಗ ‘ಇದು ಬೇಡ’ವೆಂದು ಲಿಪಿಕಾರ ಬಿಟ್ಟ ಸಾಲಿನ ಬೆಲೆ ಗ್ರಂಥಸಂಪಾದಕರಿಗೆ ಗೊತ್ತು. ನಾವಂತೂ ಇದನ್ನು ಉಳಿತಾಯವೆನ್ನಲಾರೆವು.

ಆ ಅಂಕಿಗಳು ಕಂಡಷ್ಟು ಅಡ್ಡಾದಿಡ್ಡಿಯಲ್ಲ, ಒಂದು ಸೂತ್ರದಿಂದ ಹುಟ್ಟಿದವು ಎಂಬುದು ಬಯಲಾದ ಮೇಲೆ ತೊಡಕು ಬಿಟ್ಟಿತು. ಹಳೆಯ ಯಂತ್ರವನ್ನು ಕಂಪ್ಯೂಟರಿನಲ್ಲಿ ಅನುಕರಿಸುವ ‘ಡಾಲ್ಫಿನ್’ ತಂತ್ರಾಂಶಕ್ಕೆ 2020ರಲ್ಲಿ ಸೇರಿದ ‘ಆರ್‌ವಿಜೆಡ್’ ಮಾದರಿಯ ಕಡತ ಹೊಟ್ಟನ್ನು ಹೊರುವುದಿಲ್ಲ. ಅದು ಹುಟ್ಟಿದ ಬೀಜಸಂಖ್ಯೆಗಳನ್ನಷ್ಟೇ ಇಟ್ಟುಕೊಂಡಿದ್ದು, ಕೇಳಿದಾಗ ಮೂಲವನ್ನು ಬೈಟಿಗೆ ಬೈಟು ಹಾಗೆಯೇ ಮರಳಿ ಕೊಡುತ್ತದೆ.