ಸಿನಿಮಾದಲ್ಲಿ ಕಂಡ ಓಣಿ, ಅದಕ್ಕೂ ಮುಂಚೆ ಇದ್ದ ಓಣಿ

ಪೋಸ್ಟ್ ಸ್ವಲ್ಪ ಉದ್ದ ಇದೆ. ಬಿಡುವು ಮಾಡ್ಕೊಂಡು ಪೂರ್ತಿ ಓದಿ, ಅರ್ಧ ಓದಿ ಕಾಮೆಂಟ್ ಹಾಕಬೇಡಿ.

ಹೋದ ವಾರ ಆಫೀಸಲ್ಲಿ ಊಟದ ಹೊತ್ತಿಗೆ ಸಹೋದ್ಯೋಗಿಯೊಬ್ಬ ನಗ್ತಾ ಕೇಳಿದ: “ನಿಮ್ ಏರಿಯಾ ಅಂದ್ರೆ ಒಂಥರಾ ‘ಸಿಟಿ ಆಫ್ ಗಾಡ್’ ಅಲ್ವಾ ಸಾರ್?”

ಅವನು ಕೆಟ್ಟವನಲ್ಲ. ಆದರೆ ನಮ್ಮ ಕಾಲೋನಿಗೆ ಒಂದು ಸಲಾನೂ ಕಾಲಿಟ್ಟವನಲ್ಲ. ಸಿನಿಮಾ ನೋಡಿದ್ದಾನೆ ಅಷ್ಟೆ. ನಾನೂ ನೋಡಿದ್ದೆ. ಬಿ.ಎ. ಓದುವಾಗ ಹಾಸ್ಟೆಲ್‌ನಲ್ಲಿ, ಬಾಡಿಗೆ ಸಿ.ಡಿ. ತಂದು, ಹದಿನೈದು ಹುಡುಗರು ಒಂದೇ ಟಿ.ವಿ. ಮುಂದೆ ಕೂತು ನೋಡಿದ್ದು. ಪರದೆ ತುಂಬ ನಮ್ಮ ಬಣ್ಣದ ಹುಡುಗರು ಓಡ್ತಾ ಇದ್ರೆ ಖುಷಿಯಾಗಿತ್ತು. ಆ ಜಾಗ ಯಾವುದು, ಅಲ್ಲಿಗೆ ಆ ಜನ ಯಾಕೆ ಬಂದರು ಅಂತ ಅವತ್ತು ಕೇಳಿಕೊಳ್ಳಲಿಲ್ಲ. ಈ ವಾರ ಪೂರ್ತಿ ಅದನ್ನೇ ಓದ್ತಾ ಕೂತಿದ್ದೆ. ಓದಿದ್ದನ್ನ ನಿಮ್ಮ ಮುಂದೆ ಇಡ್ತಿದ್ದೀನಿ. ಯಾಕೆ ಅಂತ ಕೊನೇಲಿ ಹೇಳ್ತೀನಿ.

ಊರು ಬ್ರೆಜಿಲ್‌ನ ರಿಯೋ ಡಿ ಜನೈರೊ. ಅಮೆರಿಕ ಖಂಡಗಳಲ್ಲೇ ಗುಲಾಮಗಿರಿಯನ್ನು ಕೊನೆಗೆ ಬಿಟ್ಟ ದೇಶ ಬ್ರೆಜಿಲ್. ಆಫ್ರಿಕಾದಿಂದ 40 ಲಕ್ಷಕ್ಕೂ ಹೆಚ್ಚು ಜನರನ್ನು ಸರಪಳಿ ಹಾಕಿ ಅಲ್ಲಿಗೆ ಇಳಿಸಿದ್ದರು. 1888ರ ಮೇ 13ಕ್ಕೆ ಬಿಡುಗಡೆ ಕಾನೂನು ಬಂತು. ಬಿಡುಗಡೆಯ ಕಾಗದ ಸಿಕ್ಕಿತು, ಭೂಮಿ ಸಿಗಲಿಲ್ಲ, ಮನೆ ಸಿಗಲಿಲ್ಲ, ಪರಿಹಾರವೂ ಸಿಗಲಿಲ್ಲ. ಜನ ನಗರದ ಗುಡ್ಡಗಳ ಮೇಲೆ, ಜೌಗು ನೆಲದ ಮೇಲೆ ತಾವೇ ಮನೆ ಕಟ್ಟಿಕೊಂಡರು. ಅವನ್ನೇ ಫವೇಲ ಅಂತಾರೆ. ಸಿರಿವಂತರ ಬಡಾವಣೆಯ ಪಕ್ಕದಲ್ಲೇ ಫವೇಲ ಇತ್ತು. ಯಾಕಂದ್ರೆ ಆ ಮನೆಗಳಲ್ಲಿ ಅಡಿಗೆ ಮಾಡೋರು, ಬಟ್ಟೆ ಒಗೆಯೋರು, ಕಟ್ಟಡ ಕಟ್ಟೋರು ಎಲ್ಲ ಇವರೇ.

1960ರ ದಶಕದಲ್ಲಿ ಸಮುದ್ರದ ದಂಡೆಯ ನೆಲಕ್ಕೆ ಬೆಲೆ ಬಂತು. ಆಗ ಸರ್ಕಾರಕ್ಕೆ ಫವೇಲ ಕಣ್ಣು ಕುಕ್ಕೋಕೆ ಶುರುವಾಯ್ತು. ಗವರ್ನರ್ ಕಾರ್ಲೋಸ್ ಲಸೆರ್ಡಾ ಕಾಲದಲ್ಲಿ ಎತ್ತಂಗಡಿ ಜೋರಾಯಿತು. 1964ರಲ್ಲಿ ಪಸ್ಮಾಡೊ ಅನ್ನೋ ಗುಡ್ಡದ ಫವೇಲ ಖಾಲಿ ಮಾಡಿಸಿ, ಉಳಿದ ಗುಡಿಸಲುಗಳಿಗೆ ಬೆಂಕಿ ಇಟ್ಟರು. ಅಮೆರಿಕ ಸರ್ಕಾರದ ನೆರವಿನ ಹಣದಲ್ಲಿ ಊರಾಚೆ ಬಡಾವಣೆಗಳು ಎದ್ದವು. ಒಂದಕ್ಕೆ ಕೆನೆಡಿ ಹೆಸರನ್ನೇ ಇಟ್ಟರು. 1962ರಿಂದ 1974ರೊಳಗೆ ಸುಮಾರು 80 ಫವೇಲಗಳ ಸುಮಾರು 1.4 ಲಕ್ಷ ಜನರನ್ನು ಎಬ್ಬಿಸಿದರು ಅಂತ ಲೆಕ್ಕ ಇದೆ.

ಹಾಗೆ ಕಟ್ಟಿದ ಬಡಾವಣೆಗಳಲ್ಲಿ ಒಂದು ‘ಸಿದಾದೆ ದೆ ದೇವುಸ್’. ಕನ್ನಡದಲ್ಲಿ ದೇವರ ಪಟ್ಟಣ. ನಗರದ ನಡುವಿನಿಂದ ಮೈಲುಗಟ್ಟಲೆ ದೂರ, ಪಶ್ಚಿಮದ ಜಕರೆಪಗುವಾ ಭಾಗದಲ್ಲಿ. ಬೀದಿಗಳಿಗೆಲ್ಲ ಬೈಬಲ್ಲಿನ ಹೆಸರು. 1966ರ ಜನವರಿಯಲ್ಲಿ ಭಾರಿ ಮಳೆ ಬಂದು ರಿಯೋದ ಗುಡ್ಡಗಳು ಕುಸಿದಾಗ, ಮನೆ ಕಳಕೊಂಡವರನ್ನು ಇನ್ನೂ ಕೆಲಸ ಮುಗಿಯದ ಈ ಬಡಾವಣೆಗೆ ತಂದು ಬಿಟ್ಟರು.

ಇಲ್ಲಿ ಒಂದು ನಿಮಿಷ ನಿಲ್ಲಿ. ಜನರನ್ನು ಊರಿನಿಂದ ಹೊರಗೆ ಹಾಕಿ, ಹೋಗೋ ಜಾಗಕ್ಕೆ ದೇವರ ಹೆಸರು ಇಡೋದು ನಮಗೇನು ಹೊಸದಾ? ನಮ್ಮನ್ನು ಊರ ಬಾವಿಗೆ ಬಿಡದೆ, ದೇವಸ್ಥಾನಕ್ಕೆ ಬಿಡದೆ, ‘ಹರಿಜನ’ ಅಂತ ಕರೆದರು. ಬಾಬಾಸಾಹೇಬರು ಆ ಹೆಸರನ್ನು ಯಾಕೆ ಒಪ್ಪಲಿಲ್ಲ ಅಂತ ನಿಮಗೆ ನಾನು ಹೇಳಬೇಕಿಲ್ಲ.

ಈ ಬಡಾವಣೆಯಲ್ಲಿ ಬೆಳೆದ ಕಪ್ಪು ಹುಡುಗ ಪಾವ್ಲೊ ಲಿನ್ಸ್. ಅಲ್ಬಾ ಜಾಲುವಾರ್ ಅನ್ನೋ ಮಾನವಶಾಸ್ತ್ರಜ್ಞೆ ಅಲ್ಲಿ ಸಂಶೋಧನೆ ಮಾಡುವಾಗ ಇವರು ಸಹಾಯಕರಾಗಿದ್ದರು. ಆ ಅನುಭವದಿಂದ 1997ರಲ್ಲಿ ಕಾದಂಬರಿ ಬಂತು. ಅದರಿಂದ 2002ರಲ್ಲಿ ಸಿನಿಮಾ ಬಂತು. ನಿರ್ದೇಶನ ಫೆರ್ನಾಂಡೊ ಮೆಯ್ರೆಲೆಸ್, ಸಹ ನಿರ್ದೇಶನ ಕಾತಿಯಾ ಲುಂಡ್. 2004ರಲ್ಲಿ ನಾಲ್ಕು ಆಸ್ಕರ್ ವಿಭಾಗಗಳಲ್ಲಿ ನಾಮನಿರ್ದೇಶನ ಆಯ್ತು. ಜಗತ್ತೆಲ್ಲ ನೋಡಿತು.

ಈಗ ಅಸಲಿ ವಿಷಯ. ಆ ಸಿನಿಮಾದ ಹೆಚ್ಚಿನ ಭಾಗ ದೇವರ ಪಟ್ಟಣದಲ್ಲಿ ತೆಗೆದದ್ದೇ ಅಲ್ಲ. ಅಲ್ಲಿ ಆಗ ಗ್ಯಾಂಗುಗಳ ಕಾದಾಟ ಇತ್ತು, ಕ್ಯಾಮೆರಾ ಇಟ್ಟು ತಿಂಗಳುಗಟ್ಟಲೆ ಕೆಲಸ ಮಾಡೋ ಹಾಗಿರಲಿಲ್ಲ. ಹಾಗಾಗಿ ಬೇರೆ ಜಾಗ ಹುಡುಕಿದರು. ಯಾವ ಜಾಗ ಅನ್ನೋದರಲ್ಲೇ ಇಡೀ ಚರಿತ್ರೆ ಇದೆ.

ಸಿನಿಮಾದ ಮೊದಲ ಭಾಗ 60ರ ದಶಕದ್ದು. ನೆನಪಿದೆಯಾ? ಕೆಂಪು ಮಣ್ಣಿನ ಬೀದಿ, ಒಂದೇ ಅಚ್ಚಿನ ಪುಟ್ಟ ಪುಟ್ಟ ಮನೆಗಳ ಸಾಲು, ನೆರಳಿಗೆ ಒಂದು ಮರ ಇಲ್ಲ. ಅದನ್ನು ತೆಗೆದದ್ದು ನೋವಾ ಸೆಪೆಟಿಬಾದಲ್ಲಿ. ಅದು ಕೂಡ ರಿಯೋದ ಪಶ್ಚಿಮ ಭಾಗ, ದೇವರ ಪಟ್ಟಣಕ್ಕಿಂತ ಇನ್ನೂ ದೂರ. ಸರ್ಕಾರ ಬಡವರಿಗಾಗಿ ಆಗತಾನೆ ಕಟ್ಟಿಸಿದ್ದ ಬಡಾವಣೆ. ಇದನ್ನ ಓದಿದಾಗ ನನಗೆ ಊಟ ಸೇರಲಿಲ್ಲ. ಮೂವತ್ತೈದು ವರ್ಷದ ಹಿಂದಿನ ಎತ್ತಂಗಡಿ ಬಡಾವಣೆ ತೋರಿಸೋಕೆ ಸಿನಿಮಾದವರಿಗೆ ಸೆಟ್ ಕಟ್ಟೋ ಅಗತ್ಯಾನೇ ಬೀಳಲಿಲ್ಲ. ಸರ್ಕಾರ ಅದೇ ತರದ ಮನೇನ, ಅದೇ ತರ ಊರಾಚೆ, ಮತ್ತೆ ಕಟ್ಟಿ ಇಟ್ಟಿತ್ತು!

70ರ ದಶಕ ಮತ್ತು ಆಮೇಲಿನ ಕಥೆಯನ್ನ ಹೆಚ್ಚಾಗಿ ತೆಗೆದದ್ದು ‘ಸಿದಾದೆ ಆಲ್ಟಾ’ದಲ್ಲಿ. ಉತ್ತರ ಭಾಗದ ಕೊರ್ಡೊವಿಲ್ ಅನ್ನೋ ಕಡೆ, ಹಲವು ಅಂತಸ್ತಿನ ಕಟ್ಟಡಗಳ ಬಡಾವಣೆ. ಹಾಗಾದ್ರೆ ಸಿದಾದೆ ಆಲ್ಟಾ ಎಲ್ಲಿಂದ ಬಂತು?

ಲೆಬ್ಲಾನ್ ಅಂತ ರಿಯೋದ ಬಹಳ ದುಬಾರಿ ಬಡಾವಣೆ ಇದೆ. ಸಮುದ್ರ ಹತ್ತಿರ, ಕೆರೆ ಹತ್ತಿರ. ಅಲ್ಲೇ ‘ಪ್ರಾಯಾ ದೊ ಪಿಂಟೊ’ ಅನ್ನೋ ದೊಡ್ಡ ಫವೇಲ ಇತ್ತು. ಸರ್ಕಾರ ಎಬ್ಬಿಸೋಕೆ ಹೊರಟಿತು, ಜನ ಹೋಗಲ್ಲ ಅಂದರು. 1969ರ ಮೇ ತಿಂಗಳ ಒಂದು ರಾತ್ರಿ ಆ ಫವೇಲಕ್ಕೆ ಬೆಂಕಿ ಬಿತ್ತು. ಸಾವಿರಾರು ಜನ ಉಟ್ಟ ಬಟ್ಟೆಯಲ್ಲಿ ಬೀದಿಗೆ ಬಂದರು. ಬೆಂಕಿ ತಾನಾಗಿ ಬಿತ್ತೋ, ಯಾರಾದ್ರೂ ಇಟ್ಟರೋ ಅನ್ನೋ ಮಾತು ಅಲ್ಲಿ ಇವತ್ತಿಗೂ ಮುಗಿದಿಲ್ಲ. ಆಮೇಲೆ ಅವರಲ್ಲಿ ಒಂದಷ್ಟು ಜನರನ್ನ ದೇವರ ಪಟ್ಟಣಕ್ಕೆ ಕಳಿಸಿದರು. ಬಹಳ ಜನರನ್ನ ಕಳಿಸಿದ್ದು ಆ ವರ್ಷವೇ ಎದ್ದ ಸಿದಾದೆ ಆಲ್ಟಾಗೆ. ಒಂದೇ ಓಣಿಯವರು, ನೆಂಟರು, ಜೊತೆಗೆ ಕುಣಿದವರು, ದಿಕ್ಕಾಪಾಲಾದರು. ಬೆಂಕಿ ಬಿದ್ದ ನೆಲದಲ್ಲಿ ಉಳ್ಳವರಿಗಾಗಿ ಎತ್ತರದ ಅಪಾರ್ಟ್‌ಮೆಂಟುಗಳು ಎದ್ದವು. ಆ ಜಾಗವನ್ನು ‘ಸೆಲ್ವಾ ದೆ ಪೆಡ್ರಾ’ ಅಂತಾರೆ. ಅಂದ್ರೆ ಕಲ್ಲಿನ ಕಾಡು.

ಈಗ ಜೋಡಿಸಿ ನೋಡಿ. ಎತ್ತಂಗಡಿಯಾದವರ ಒಂದು ಬಡಾವಣೆಯ ಕಥೆ ಹೇಳೋಕೆ, ಎತ್ತಂಗಡಿಯಾದವರ ಇನ್ನೊಂದು ಬಡಾವಣೆಗೆ ಹೋದರು. ಶುರುವಿನ ದೃಶ್ಯಕ್ಕೆ ಮೂರನೆಯದಕ್ಕೆ ಹೋದರು. ಮೂರೂ ಕಡೆಯ ಜನ ಕೆಲಸಕ್ಕೆ ಬೆಳಗಿನ ಜಾವ ಎದ್ದು ಬಸ್ಸಿಗೆ ಕಾಯೋರು. ಮೂರನ್ನೂ ನಗರ ನೋಡೋ ಕಣ್ಣು ಒಂದೇ. ಆದರೆ ಆ ಬೂದಿ ಮೇಲೆ ಎದ್ದ ಅಪಾರ್ಟ್‌ಮೆಂಟ್ ಇದೆಯಲ್ಲ, ಅದನ್ನ ಯಾರೂ ಕ್ರೈಂ ಸಿನಿಮಾದ ಲೊಕೇಶನ್ ಅನ್ನಲ್ಲ. ನನ್ನ ಪ್ರಕಾರ ಮೊದಲ ಕ್ರೈಂ ನಡೆದ ಜಾಗ ಅದೇ.

ಸಿನಿಮಾಗೆ ಅನ್ಯಾಯ ಮಾಡಬಾರದು. ಕಥೆ ಹೇಳೋ ಹುಡುಗ ಶುರುವಿನಲ್ಲೇ ಹೇಳ್ತಾನೆ, ಪ್ರವಾಹಕ್ಕೆ ಬೆಂಕಿಗೆ ಮನೆ ಕಳಕೊಂಡವರನ್ನ ಇಲ್ಲಿ ತಂದು ಹಾಕಿದರು, ಕರೆಂಟಿಲ್ಲ, ರಸ್ತೆ ಇಲ್ಲ, ಬಸ್ಸಿಲ್ಲ ಅಂತ. ಆದರೆ ಅದು ಅರ್ಧ ನಿಮಿಷದ ಮಾತು. ಮಿಕ್ಕ ಎರಡು ಗಂಟೆ ಬಂದೂಕು. ನಾವು ಹಾಸ್ಟೆಲ್ ಹುಡುಗರಿಗೆ ನೆನಪಲ್ಲಿ ಉಳಿದದ್ದೂ ಬಂದೂಕೇ.

ಇನ್ನೊಂದು ಒಳ್ಳೆ ಕೆಲಸಾನೂ ಆಯ್ತು. ಸ್ಟಾರುಗಳ ಮುಖಕ್ಕೆ ಮಸಿ ಬಳಿದು ನಿಲ್ಲಿಸಲಿಲ್ಲ. ಫವೇಲಗಳ ಹುಡುಗರನ್ನೇ ಆರಿಸಿ, ವಿಡಿಗಾಲ್ ಗುಡ್ಡದ ‘ನೊಸ್ ದೊ ಮೊರೊ’ ರಂಗತಂಡದವರ ಜೊತೆ ಸೇರಿ ತಿಂಗಳುಗಟ್ಟಲೆ ತರಬೇತಿ ಕೊಟ್ಟರು. ಖಳನ ಪಾತ್ರ ಮಾಡಿದ ಲೆಯಾಂಡ್ರೊ ಫಿರ್ಮಿನೊ ದೇವರ ಪಟ್ಟಣದವರೇ. ಆದರೆ ಹತ್ತು ವರ್ಷದ ಮೇಲೆ ಅದೇ ನಟರನ್ನ ಹುಡುಕಿಕೊಂಡು ಹೋಗಿ ಒಂದು ಸಾಕ್ಷ್ಯಚಿತ್ರ ಮಾಡಿದರು. ಕೆಲವರು ಮೇಲೆ ಬಂದಿದ್ದರು. ಎಷ್ಟೋ ಜನ ಹಿಂದಿದ್ದ ಕಡೆಯೇ ಇದ್ದರು.

ಅಲ್ಲಿಯ ಜನ ಸುಮ್ಮನಿರಲಿಲ್ಲ. ದೇವರ ಪಟ್ಟಣದಲ್ಲೇ ಬೆಳೆದ ರ‍್ಯಾಪ್ ಗಾಯಕ ಎಂ.ವಿ. ಬಿಲ್ ಸಿನಿಮಾ ಬಂದ ಮೇಲೆ ಬಹಿರಂಗವಾಗೇ ಸಿಟ್ಟಾದರು. ಸಿನಿಮಾದಿಂದ ಅಲ್ಲಿನ ಮಕ್ಕಳಿಗೆ ಸಿಕ್ಕಿದ್ದು ಕಳಂಕ ಮಾತ್ರ ಅನ್ನೋದು ಅವರ ವಾದ. 2016ರ ರಿಯೋ ಒಲಿಂಪಿಕ್ಸ್‌ನಲ್ಲಿ ಬ್ರೆಜಿಲ್‌ಗೆ ಮೊದಲ ಚಿನ್ನ ತಂದ ಜೂಡೊ ಆಟಗಾರ್ತಿ ರಫೇಲಾ ಸಿಲ್ವಾ ಕೂಡ ಅದೇ ಊರಿನ ಕಪ್ಪು ಹೆಣ್ಣುಮಗಳು. ಅದಕ್ಕೂ ನಾಲ್ಕು ವರ್ಷ ಮುಂಚೆ ಲಂಡನ್‌ನಲ್ಲಿ ಅನರ್ಹಳಾದಾಗ ಆನ್‌ಲೈನ್‌ನಲ್ಲಿ ಅವಳನ್ನು ಕೋತಿ ಅಂತ ಬೈದಿದ್ದರು. ಚಿನ್ನ ಗೆದ್ದ ಮೇಲೆ ಎಲ್ಲರಿಗೂ ಅವಳು ದೇಶದ ಮಗಳು.

ಈಗ ನಮ್ಮ ಓಣಿಗೆ ಬರ್ತೀನಿ.

ಕೆಲವು ವರ್ಷದ ಹಿಂದೆ ನಮ್ಮ ಕಾಲೋನಿಗೂ ಒಂದು ರೌಡಿ ಸಿನಿಮಾ ಶೂಟಿಂಗ್ ಬಂದಿತ್ತು. ಹೆಸರು ಬೇಡ. ಎರಡು ದಿನ ಇದ್ದರು. ಹಬ್ಬಕ್ಕೆ ಸುಣ್ಣ ಹೊಡೆದಿದ್ದ ಗೋಡೆಗೆ ಮಣ್ಣು ನೀರು ಎರಚಿದರು. ಇಸ್ತ್ರಿ ಅಂಗಿ ಹಾಕಿ ಬಂದ ಹುಡುಗರಿಗೆ ಬಿಚ್ಚಿ ಬನಿಯನ್‌ನಲ್ಲಿ ನಿಲ್ಲಿ ಅಂದರು. ನಮ್ಮ ಅಂಬೇಡ್ಕರ್ ವಾಚನಾಲಯದ ಬೋರ್ಡು ಫ್ರೇಮಿಗೆ ಬರುತ್ತೆ ಅಂತ ಅದರ ಮೇಲೆ ಹರಕು ಟಾರ್ಪಾಲು ಇಳಿಬಿಟ್ಟರು. ಅದೇ ವಾಚನಾಲಯದ ಜಗಲಿ ಸಿನಿಮಾದಲ್ಲಿ ಗಾಂಜಾ ಅಡ್ಡೆ ಆಯ್ತು. ನಾನೂ ಅಲ್ಲೇ ನಿಂತಿದ್ದೆ. ಹೀರೋ ನೋಡೋಕೆ ನಿಂತಿದ್ದೆ, ಸುಳ್ಳು ಯಾಕೆ ಹೇಳಲಿ. ಟಾರ್ಪಾಲು ತೆಗೀರಿ ಅಂತ ಬಾಯಿ ಬಿಡಲಿಲ್ಲ. ಆ ನಾಚಿಕೆ ಇನ್ನೂ ಹೋಗಿಲ್ಲ.

ಆ ಜಗಲಿ ಮೇಲೆ ಕೂತು ಓದಿದವರಲ್ಲಿ ಇಬ್ಬರು ಟೀಚರ್ ಆಗಿದ್ದಾರೆ, ಒಬ್ಬಳು ನರ್ಸ್, ನಾನು ಗುಮಾಸ್ತ. ನನ್ನ ಅಕ್ಕನ ಮಗ ಕೆಲಸದ ಇಂಟರ್‌ವ್ಯೂಗೆ ಹೋದಾಗ ವಿಳಾಸ ನೋಡಿ, “ಓ, ಆ ಏರಿಯಾನಾ?” ಅಂದರಂತೆ. ಆಮೇಲೆ ಅವನು ಅರ್ಜಿಯಲ್ಲಿ ಅವನ ದೊಡ್ಡಪ್ಪನ ಮನೆ ವಿಳಾಸ ಹಾಕ್ತಾನೆ.

ಕಳೆದ ತಿಂಗಳು ನಮ್ಮ ಕಾಲೋನಿಗೆ ಸರ್ವೆಯವರು ಬಂದಿದ್ದರು. ಮನೆ ಎಣಿಸಿದರು, ಟೇಪು ಹಿಡಿದರು. ಮೀಟಿಂಗಿನಲ್ಲಿ ಒಬ್ಬರು ಅಂದರು: “ಇಲ್ಲಿ ಕ್ರೈಂ ಜಾಸ್ತಿ, ಮಕ್ಕಳ ಭವಿಷ್ಯ ಹಾಳಾಗುತ್ತೆ, ಊರ ಹೊರಗೆ ಚೆನ್ನಾಗಿರೋ ಮನೆ ಕೊಡ್ತೀವಿ.” ಅದಕ್ಕೇ ಗೆಳೆಯರೆ ನಾನು ರಿಯೋದ ಕಥೆ ಇಷ್ಟುದ್ದ ಬರೆದದ್ದು. ಮೊದಲು ಜಾಗಕ್ಕೆ ಕೆಟ್ಟ ಹೆಸರು ಅಂಟಿಸ್ತಾರೆ, ಆಮೇಲೆ ಆ ಹೆಸರನ್ನೇ ಕಾರಣ ಮಾಡಿ ಎಬ್ಬಿಸ್ತಾರೆ. 2013ರ ಜನವರಿಯಲ್ಲಿ ಬೆಂಗಳೂರಿನ ಈಜಿಪುರದಲ್ಲಿ ಬುಲ್ಡೋಜರ್ ಬಂದಾಗ ಬೀದಿಗೆ ಬಿದ್ದವರ ಜೊತೆ ಒಂದು ದಿನ ಕೂತಿದ್ದೆ. ಆ ಚಳಿ ಮರೆಯೋಕಾಗಲ್ಲ.

ಮನೆ ಬೇಡ ಅಂತ ನಾನು ಹೇಳ್ತಿಲ್ಲ. ಒಳ್ಳೆ ಮನೆ ಕೊಡಿ, ಇದೇ ನೆಲದಲ್ಲಿ ಕೊಡಿ, ಹಕ್ಕುಪತ್ರದ ಜೊತೆ ಕೊಡಿ ಅಂತಿದ್ದೀನಿ. ದೂರದಲ್ಲಿ ಕಟ್ಟಿದ ಮನೆ ಏನಾಗುತ್ತೆ ಅಂತ ನೋವಾ ಸೆಪೆಟಿಬಾ, ಸಿದಾದೆ ಆಲ್ಟಾ ನೋಡಿ ತಿಳ್ಕೊಬಹುದು.

ಪಾವ್ಲೊ ಲಿನ್ಸ್ ಒಳಗಿಂದ ಬರೆದಿದ್ದಕ್ಕೆ ಆ ಅರ್ಧ ನಿಮಿಷದ ಮಾತಾದ್ರೂ ಸಿನಿಮಾದಲ್ಲಿ ಉಳೀತು. ನಾವು ಬರೆಯದಿದ್ರೆ ನಮಗೆ ಅದೂ ಇಲ್ಲ. ಈ ಭಾನುವಾರ ಬೆಳಿಗ್ಗೆ ಹತ್ತಕ್ಕೆ ವಾಚನಾಲಯದ ಜಗಲಿ ಮೇಲೆ ಸೇರ್ತಿದ್ದೀವಿ. ಕಾಲೋನಿಯ ಹಿರಿಯರು, ಮುಖ್ಯವಾಗಿ ಅಜ್ಜಿಯರು, ಯಾವ ಊರಿಂದ ಬಂದರು, ಯಾಕೆ ಬಂದರು, ಮೊದಲ ಗುಡಿಸಲು ಯಾವ ವರ್ಷ ಎದ್ದಿತು ಅಂತ ಹೇಳ್ತಾರೆ. ನಮ್ಮ ಹುಡುಗರು ಮೊಬೈಲ್‌ನಲ್ಲಿ ರೆಕಾರ್ಡ್ ಮಾಡ್ತಾರೆ, ನಾನು ಕೂತು ಟೈಪ್ ಮಾಡ್ತೀನಿ. ಹಳೇ ರೇಷನ್ ಕಾರ್ಡು, ಕರೆಂಟ್ ಬಿಲ್ಲು, ಶಾಲೆಯ ಟಿ.ಸಿ., ಏನಿದ್ರೂ ತನ್ನಿ. ಸರ್ವೆಯವರು ಮತ್ತೆ ಬಂದಾಗ ಕೈಯಲ್ಲಿ ನಮ್ಮದೇ ಕಾಗದ ಇರಬೇಕು.

ಆ ಸಹೋದ್ಯೋಗಿಯನ್ನೂ ಕರೆದಿದ್ದೀನಿ. ಬರ್ತೀನಿ ಅಂದಿದ್ದಾನೆ. ನೋಡೋಣ.

ಜೈ ಭೀಮ್.